ಗಂಧ ತೇಯ್ದ ಕೈಗಳು

ಶ್ರೀರಾಘವೇಂದ್ರಸ್ವಾಮಿಗಳವರ ನಾಮಸ್ಮರಣೆ ಮಾಡಿದೊಡನೆ ನಮ್ಮ ಕಣ್ಮುಂದೆ ನಿಲ್ಲುವುದು ಮಂತ್ರಾಲಯದ ವೈಭವ, ಅಲ್ಲಿಯ ಅನ್ನಸಂತರ್ಪಣೆ. ಆ ಮಹನೀಯರು ಪೂರ್ವಾಶ್ರಮದಲ್ಲಿ ಹಸಿವನ್ನು ಕಂಡುಂಡವರೆಂಬುದನ್ನು ನಾವು ಎಷ್ಟು ಬಾರಿ ನೆನೆಯುತ್ತೇವೆ?

ನಮ್ಮಂತೆಯೇ ಅವರದೂ ಕನ್ನಡನಾಡಿನಿಂದ ತಮಿಳುನಾಡಿಗೆ ಬಂದು ನೆಲೆಸಿದ ಮನೆತನ. ಮುತ್ತಜ್ಜ ಕೃಷ್ಣಭಟ್ಟರು ವಿಜಯನಗರದ ಆಸ್ಥಾನದಲ್ಲಿ ವೀಣಾವಿದ್ವಾಂಸರು. 1565ರಲ್ಲಿ ಸಾಮ್ರಾಜ್ಯವು ಕುಸಿದ ಮೇಲೆ ಆ ಮನೆತನದವರು ದಕ್ಷಿಣಕ್ಕೆ ಬಂದರು. ತಿಮ್ಮಣ್ಣಭಟ್ಟ, ಗೋಪಿಕಾಂಬಾ ದಂಪತಿಗಳಿಗೆ ಚಿದಂಬರದ ಬಳಿಯ ಭುವನಗಿರಿಯಲ್ಲಿ ಜನಿಸಿದ ಪುತ್ರರತ್ನವೇ ವೇಂಕಟನಾಥ. ಮಧುರೆಯಲ್ಲಿ ಭಾವ ಲಕ್ಷ್ಮೀನರಸಿಂಹಾಚಾರ್ಯರಲ್ಲಿಯೂ, ಕುಂಭಕೋಣದಲ್ಲಿ ಶ್ರೀಸುಧೀಂದ್ರತೀರ್ಥರಲ್ಲಿಯೂ ಅವರ ವಿದ್ಯಾಭ್ಯಾಸ ನಡೆಯಿತು.

ವೇಂಕಟನಾಥಾಚಾರ್ಯರು ಪಾಠ ಹೇಳಿ ಪ್ರತಿಫಲ ಬೇಡಿದವರಲ್ಲ. ವಿದ್ಯೆ ಬೆಳೆಯಿತು, ಬಡತನವೂ ಬೆಳೆಯಿತು. ಪತ್ನಿ ಸರಸ್ವತಿ, ಪುತ್ರ ಲಕ್ಷ್ಮೀನಾರಾಯಣರೊಡನೆ ಉಪವಾಸದಲ್ಲಿ ಕಳೆದ ದಿನಗಳು ಅನೇಕ.

ಆ ಕಾಲದ ಒಂದು ಪ್ರಸಂಗವನ್ನು ಪರಂಪರೆಯು ಹೇಳುತ್ತ ಬಂದಿದೆ. ಧನಿಕರೊಬ್ಬರ ಮನೆಯ ಸಂತರ್ಪಣೆಗೆ ಆಚಾರ್ಯರು ಹೋದಾಗ, ಅವರ ಮಾಸಿದ ವಸ್ತ್ರವನ್ನು ಕಂಡವರು ಗಂಧ ತೇಯುವ ಕೆಲಸಕ್ಕೆ ಕೂಡಿಸಿದರು. ಅವರು ಅಗ್ನಿಸೂಕ್ತವನ್ನು ಪಠಿಸುತ್ತ ಗಂಧ ತೇಯ್ದರು. ಅದನ್ನು ಲೇಪಿಸಿಕೊಂಡ ಅತಿಥಿಗಳಿಗೆಲ್ಲ ಮೈಯುರಿ. ಕಾರಣ ತಿಳಿದ ಯಜಮಾನನು ಕ್ಷಮೆ ಯಾಚಿಸಿದನು. ಆಚಾರ್ಯರು ವರುಣಸೂಕ್ತ ಪಠಿಸಿ ತೇಯ್ದ ಗಂಧದಿಂದ ಉರಿ ಶಮನವಾಯಿತು.

ಇದನ್ನು ಮಂತ್ರಮಹಿಮೆಯೆಂದು ಕೇಳಿ ನಾವು ಕೈಮುಗಿಯುತ್ತೇವೆ. ಆದರೆ ಆ ಮನೆಯಲ್ಲಿ ಕೊರತೆಯಿದ್ದದ್ದು ಅನ್ನಕ್ಕಲ್ಲ, ನೋಟಕ್ಕೆ. ಯಜಮಾನನು ಕ್ಷಮೆ ಬೇಡಿದ್ದೂ ವಿದ್ವಾಂಸರಲ್ಲಿ. ಸೂಕ್ತವನ್ನರಿಯದ ಬಡವನೊಬ್ಬನು ಅಲ್ಲಿ ಕುಳಿತಿದ್ದರೆ? ಯಾರ ಮೈಯೂ ಉರಿಯುತ್ತಿರಲಿಲ್ಲ; ಅವನ ಹೊಟ್ಟೆಯೊಂದೇ ಉರಿಯುತ್ತಿತ್ತು.

1621ರಲ್ಲಿ ತಂಜಾವೂರಿನಲ್ಲಿ ಸಂನ್ಯಾಸ ಸ್ವೀಕರಿಸಿ ಶ್ರೀರಾಘವೇಂದ್ರತೀರ್ಥರಾದ ಅವರು ಅರ್ಧ ಶತಮಾನ ಪೀಠವನ್ನು ಬೆಳಗಿದರು. ಸುಧೆಗೆ ಪರಿಮಳವೆಂಬ ವ್ಯಾಖ್ಯಾನವನ್ನಿತ್ತರು. 1671ರ ಶ್ರಾವಣ ಬಹುಳ ದ್ವಿತೀಯೆಯಂದು ಮಂತ್ರಾಲಯದಲ್ಲಿ ಬೃಂದಾವನ ಪ್ರವೇಶಿಸಿದರು. ಒಂದು ತುತ್ತಿಗಾಗಿ ಕಾದವರ ಸನ್ನಿಧಿಯಲ್ಲಿ ಇಂದು ಅಸಂಖ್ಯಾತರು ಉಣ್ಣುತ್ತಾರೆ.

ತಿರುವಲ್ಲಿಕ್ಕೇಣಿಯ ಮಠದಲ್ಲಾಗಲಿ, ಈ ಚೆನ್ನೈ ನಗರದ ನಮ್ಮ ಮನೆಗಳಲ್ಲಾಗಲಿ ಆರಾಧನೆಯ ಎಲೆ ಹಾಕುವಾಗ ಒಮ್ಮೆ ಹಿಂದಿರುಗಿ ನೋಡೋಣ. ಪಾತ್ರೆ ತೊಳೆಯುವ ಮುದುಕಿ, ಬಾಗಿಲಾಚೆ ನಿಂತ ಕೂಲಿಯವನು ಉಂಡರೆ? ನಮ್ಮ ಹಣೆಯ ಗಂಧವನ್ನು ತೇಯ್ದ ಕೈ ಹಸಿದಿರಬಾರದು. ಗುರುಗಳ ಚರಿತ್ರೆಯಿಂದ ಇಷ್ಟನ್ನಾದರೂ ನಾವು ಕಲಿತರೆ ಅದೇ ನಿಜವಾದ ಆರಾಧನೆ.

ಶ್ರೀಕೃಷ್ಣಾರ್ಪಣಮಸ್ತು.