ಬೀಳಗಿಯ ಅಮೀರಬಾಯಿ ಕರ್ನಾಟಕಿಯವರು

ದೂರದೇಶಗಳ ಸತ್ಪುರುಷರ ಮತ್ತು ಸಾಧ್ವೀಮಣಿಗಳ ಚರಿತ್ರೆಗಳನ್ನು ನಮ್ಮ ವಿದ್ಯಾರ್ಥಿನಿಯರು ಪಾಠಪುಸ್ತಕಗಳಲ್ಲಿ ಓದಿಯೇ ಇರುವರು. ಆದರೆ ಬಾಗಲಕೋಟೆಗೆ ನೆರೆಯಾದ ಬೀಳಗಿಯಲ್ಲಿ ಹುಟ್ಟಿ, ತನ್ನ ಕಂಠವೊಂದನ್ನೇ ಆಸ್ತಿಯಾಗಿ ಹೊಂದಿ, ಇಡೀ ಹಿಂದೂಸ್ಥಾನವು ಕಿವಿಗೊಡುವಂತೆ ಹಾಡಿದ ಓರ್ವ ಸ್ತ್ರೀಯ ಹೆಸರನ್ನು ಅವರಲ್ಲಿ ಎಷ್ಟು ಜನರು ಬಲ್ಲರು? ನಾವು ತರಗತಿಗಳಲ್ಲಿ ಕೇಳಿ ನೋಡಿದಾಗ ಮೇಲೆದ್ದ ಕೈಗಳು ಬಹು ಕಡಮೆ. ಆದಕಾರಣ ಈ ಸ್ಮರಣಸಂಚಿಕೆಯ ಪುಟಗಳಲ್ಲಿ ಶ್ರೀಮತಿ ಅಮೀರಬಾಯಿ ಕರ್ನಾಟಕಿಯವರ ಜೀವನವೃತ್ತಾಂತವನ್ನು ಸಂಕ್ಷೇಪವಾಗಿ ಹೇಳಬೇಕೆಂದು ಮನಸ್ಸು ಮಾಡಿದ್ದೇವೆ.

ಇಪ್ಪತ್ತನೆಯ ಶತಮಾನದ ಮೊದಲ ದಶಕದಲ್ಲಿ, ಬೀಳಗಿಯ ಓರ್ವ ಮುಸಲ್ಮಾನ ಕುಟುಂಬದಲ್ಲಿ ಅಮೀರಬಾಯಿಯವರು ಜನಿಸಿದರು. ಬೀಳಗಿಯು ಆಗ ವಿಜಾಪುರ ಜಿಲ್ಲೆಗೆ ಸೇರಿದ್ದಿತು. 1997ರಲ್ಲಿ ಬಾಗಲಕೋಟೆಯು ಪ್ರತ್ಯೇಕ ಜಿಲ್ಲೆಯಾದ ಮೇಲೆ ನಮ್ಮದಾಯಿತು. ಮನೆಯು ಸಂಗೀತ ಮತ್ತು ನಾಟಕಗಳ ನಂಟುಳ್ಳದ್ದು. ಆದುದರಿಂದ ಮಕ್ಕಳಿಗೆ ಅಕ್ಷರದ ಸಂಗಡಲೇ ಸ್ವರವೂ ತಾಳವೂ ಬಂದವು. ಹಲವು ಮಂದಿ ಸಹೋದರಿಯರಲ್ಲಿ ಅಕ್ಕ ಗೋಹರಬಾಯಿ ಮತ್ತು ತಂಗಿ ಅಮೀರಬಾಯಿ, ಇವರಿಬ್ಬರೇ ಮುಂದೆ ಲೋಕಪ್ರಸಿದ್ಧರಾದವರು. ಎಳವೆಯಲ್ಲಿಯೇ ಇವರಿಗೆ ರಂಗದ ಹಾಡು ಕೈವಶವಾಗಿದ್ದಿತು.

ಆ ಕಾಲದ ನಾಟಕಕಂಪನಿಗಳ ವಿಷಯವನ್ನು ಇಲ್ಲಿ ಎರಡು ಮಾತು ಹೇಳದಿದ್ದರೆ ಈ ಚರಿತ್ರೆಯು ತಿಳಿಯಲಾರದು. ನಮ್ಮ ಸೀಮೆಯಲ್ಲಿ ಬಾದಾಮಿಯ ಸಮೀಪದ ಬನಶಂಕರಿಯ ಜಾತ್ರೆಗೆ ನಾಟಕಕಂಪನಿಗಳು ಬಂದು ತಗಡಿನ ಮತ್ತು ಬಟ್ಟೆಯ ಥಿಯೇಟರುಗಳನ್ನು ಕಟ್ಟಿ, ರಾತ್ರಿಯಿಡೀ ಆಟವಾಡುವದನ್ನು ಎಲ್ಲರೂ ಬಲ್ಲರು. ಹುನಗುಂದ, ಇಳಕಲ್ಲುಗಳ ಕಡೆಯಿಂದಲೂ ಜನರು ಬುತ್ತಿಯನ್ನು ಕಟ್ಟಿಕೊಂಡು ಗಾಡಿ ಹೂಡಿ ಬರುತ್ತಿದ್ದರು. ಶಿರಹಟ್ಟಿಯ ವೆಂಕೋಬರಾಯರು, ಗದಗಿನ ಗರುಡ ಸದಾಶಿವರಾಯರು, ವಾಮನರಾವ್ ಮಾಸ್ತರರು ಮೊದಲಾದವರು ಉತ್ತರ ಕರ್ನಾಟಕದ ರಂಗಭೂಮಿಯನ್ನು ಕಟ್ಟಿ ಬೆಳೆಯಿಸಿದರು. ಆದರೆ ಬಹುಕಾಲದ ವರೆಗೆ ಸ್ತ್ರೀಪಾತ್ರಗಳನ್ನು ಗಂಡಸರೇ ವಹಿಸುತ್ತಿದ್ದರು. ಹೆಂಗಸು ರಂಗವನ್ನೇರಿದಳೆಂದರೆ ಅವಳ ಕುಲ, ಶೀಲಗಳೆರಡೂ ಜನರ ನಾಲಗೆಯ ಮೇಲೆ ಬಂದವೆಂದೇ ತಿಳಿಯಬೇಕು. ಅವಳ ಹಾಡಿಗೆ ತಲೆದೂಗಿದವರೇ ಮರುದಿನ ಅವಳನ್ನು ತಮ್ಮ ಪಡಸಾಲೆಯಲ್ಲಿ ಕೂಡ್ರಿಸಲು ಹಿಂಜರಿಯುತ್ತಿದ್ದರು. ಈ ಇಬ್ಬಗೆಯ ಬಾಳನ್ನು ಅಕ್ಕತಂಗಿಯರಿಬ್ಬರೂ ಚಿಕ್ಕಂದಿನಿಂದಲೇ ಕಂಡರು.

ಆದರೂ ರಂಗಭೂಮಿಯು ಒಳ್ಳೆಯ ಶಾಲೆಯಾಗಿದ್ದಿತು. ಧ್ವನಿವರ್ಧಕಗಳಿಲ್ಲದ ಆ ದಿನಗಳಲ್ಲಿ, ಕಟ್ಟಕಡೆಯ ಸಾಲಿನಲ್ಲಿ ನೆಲದ ಮೇಲೆ ಕುಳಿತವನಿಗೂ ಪ್ರತಿಯೊಂದು ಅಕ್ಷರವು ಕೇಳಿಸುವಂತೆ ಹಾಡಬೇಕಾಗುತ್ತಿದ್ದಿತು. ಉಸಿರನ್ನು ಹಿಡಿದಿಡುವದು, ಮಾತಿನ ಅರ್ಥವು ಕೆಡದಂತೆ ರಾಗವನ್ನು ಎಳೆಯುವದು, ಕಾಲಿನ ಹಾರ್ಮೋನಿಯಮ್ಮು ಮತ್ತು ತಬಲೆಗಳ ಸಂಗಡ ತಪ್ಪದೆ ನಡೆಯುವದು, ಇವೆಲ್ಲ ಆ ಶಾಲೆಯ ಪಾಠಗಳು. ಅಮೀರಬಾಯಿಯವರ ಧ್ವನಿಮುದ್ರಿಕೆಗಳನ್ನು ಇಂದು ಕೇಳುವವರಿಗೆ ಮೊದಲು ಹಿಡಿಸುವದು ಆ ಸ್ಪಷ್ಟವಾದ ಉಚ್ಚಾರಣೆಯೇ.

ಅಕ್ಕ ಗೋಹರಬಾಯಿಯವರು ಮುಂದೆ ಮರಾಠೀ ರಂಗಭೂಮಿಯ ಮಹಾನಟರಾದ ಬಾಲಗಂಧರ್ವರ ಮಂಡಲಿಯನ್ನು ಸೇರಿದರು. ಸ್ತ್ರೀವೇಷದಲ್ಲಿ ಮಹಾರಾಷ್ಟ್ರವನ್ನೆಲ್ಲ ಮರುಳುಗೊಳಿಸಿದ್ದ ಆ ಪುರುಷನಟರ ಎದುರಿನಲ್ಲಿ, ಬೀಳಗಿಯ ಓರ್ವ ಸ್ತ್ರೀಯು ಸ್ತ್ರೀಪಾತ್ರಗಳನ್ನು ವಹಿಸಿ ನಿಂತಳೆಂಬದು ನಮ್ಮ ರಂಗಚರಿತ್ರೆಯಲ್ಲಿ ನೆನೆಯತಕ್ಕ ಸಂಗತಿ. ಅದಕ್ಕಾಗಿ ಆಕೆಯು ಕೇಳಿದ ಕಟುನುಡಿಗಳೂ ಅನೇಕ.

1931ರಲ್ಲಿ ಮುಂಬಯಿಯಲ್ಲಿ ಹಿಂದೂಸ್ಥಾನದ ಮೊದಲನೆಯ ಮಾತಿನ ಚಿತ್ರವಾದ ಆಲಂ ಆರಾ ಪ್ರದರ್ಶಿತವಾಯಿತು. ಅದುವರೆಗೆ ಮೂಕವಾಗಿದ್ದ ಬೆಳ್ಳಿಯ ಪರದೆಗೆ ಬಾಯಿ ಬಂದೊಡನೆ, ಹಾಡಲು ಬಲ್ಲ ನಟನಟಿಯರಿಗಾಗಿ ಚಿತ್ರಮಂಡಲಿಗಳು ರಂಗಭೂಮಿಯ ಕಡೆಗೆ ನೋಡತೊಡಗಿದವು. ಅಕ್ಕನ ಸಹಾಯದಿಂದ ಅಮೀರಬಾಯಿಯವರೂ ಮುಂಬಯಿಯ ಚಿತ್ರಲೋಕವನ್ನು ಪ್ರವೇಶಿಸಿ, 1934ರಲ್ಲಿ ವಿಷ್ಣುಭಕ್ತಿ ಎಂಬ ಚಿತ್ರದಲ್ಲಿ ಅಭಿನಯಿಸಿದರು. ಹೆಸರಿನ ಮುಂದೆ ಕರ್ನಾಟಕಿ ಎಂದು ಸೇರಿತು. ಕನ್ನಡ ನಾಡು ಇನ್ನೂ ಮುಂಬಯಿ, ಹೈದರಾಬಾದು, ಮೈಸೂರು, ಮದ್ರಾಸುಗಳೆಂದು ಹರಿದುಹಂಚಿಹೋಗಿದ್ದ ಕಾಲವದು. 1956ರಲ್ಲಿ ನಾಡು ಒಂದಾಗುವ ಎರಡು ದಶಕಗಳಿಗೂ ಮೊದಲೇ, ಚಿತ್ರಗಳ ಹೆಸರುಪಟ್ಟಿಯಲ್ಲಿಯೂ ಧ್ವನಿಮುದ್ರಿಕೆಗಳ ಮೇಲೆಯೂ ಕರ್ನಾಟಕವೆಂಬ ಹೆಸರನ್ನು ಈ ಸ್ತ್ರೀಯು ಹೊತ್ತು ತಿರುಗಿದರು. ಕನ್ನಡ ಕೋಗಿಲೆ ಎಂಬ ಬಿರುದು ಆಕೆಗೆ ಸಲ್ಲತಕ್ಕದ್ದೇ ಆಗಿದೆ.

ಮುಂಬಯಿಯು ಕೂಡಲೇ ಕೈಹಿಡಿಯಲಿಲ್ಲ. ಸುಮಾರು ಎಂಟು ವರ್ಷಗಳ ವರೆಗೆ ಸಣ್ಣಪುಟ್ಟ ಪಾತ್ರಗಳು, ಅಲ್ಲೊಂದು ಇಲ್ಲೊಂದು ಹಾಡು, ಹೀಗೆ ಕಾಲ ಕಳೆಯಿತು. 1940ರಲ್ಲಿ ವಿಜಯ ಭಟ್ಟರ ನರಸೀ ಭಗತ್ ಎಂಬ ಚಿತ್ರವು ಬಂದಿತು. ಗುಜರಾತದ ಸಂತಕವಿ ನರಸಿಂಹ ಮೆಹತಾರ ಚರಿತ್ರೆಯುಳ್ಳ ಆ ಚಿತ್ರದಲ್ಲಿ, ಮಹಾತ್ಮಾ ಗಾಂಧಿಯವರ ಪ್ರಾರ್ಥನಾಸಭೆಗಳಿಗೆ ಅತ್ಯಂತ ಪ್ರಿಯವಾಗಿದ್ದ ಆ ಕವಿಯ ವೈಷ್ಣವ ಭಜನೆಯನ್ನು ಅಮೀರಬಾಯಿಯವರು ಹಾಡಿದರು. ಕನ್ನಡ ಸೀಮೆಯ ಮುಸಲ್ಮಾನ ಮನೆಯ ಮಗಳೊಬ್ಬಳು ಗುಜರಾತಿನ ವೈಷ್ಣವ ಭಕ್ತನ ಪದವನ್ನು ಹಾಡಿದಾಗ, ಕೇಳಿದವರು ಆ ಪದದ ಭಕ್ತಿಯನ್ನು ನೋಡಿದರೇ ಹೊರತು ಹಾಡಿದವಳ ಮತವನ್ನು ವಿಚಾರಿಸಲಿಲ್ಲ. ನೆರೆಯವರನ್ನು ಪ್ರೀತಿಸಬೇಕೆಂದು ದಿನಾಲು ಕಲಿಸುವ ನಮ್ಮಂಥ ಶಾಲೆಗೆ ಇದು ಮರೆಯಬಾರದ ಸಂಗತಿ.

ಇಷ್ಟರಲ್ಲಿ ಚಿತ್ರಗಳಲ್ಲಿ ಹಿನ್ನೆಲೆಯ ಹಾಡುಗಾರಿಕೆಯು ರೂಢಿಗೆ ಬಂದಿದ್ದಿತು. ಮೊದಮೊದಲು ಪರದೆಯ ಮೇಲೆ ಕಾಣುವವರೇ ಹಾಡಬೇಕಾಗಿದ್ದಿತು. 1935ರಲ್ಲಿ ಕಲಕತ್ತೆಯ ನ್ಯೂ ಥಿಯೇಟರ್ಸ್ ಮಂಡಲಿಯವರು ಒಬ್ಬರ ಧ್ವನಿಯನ್ನು ಮೊದಲೇ ಮುದ್ರಿಸಿ, ಇನ್ನೊಬ್ಬರು ತುಟಿಗಳನ್ನಾಡಿಸುವ ಪದ್ಧತಿಗೆ ಹಾದಿ ಹಾಕಿಕೊಟ್ಟರು. ಹಾಡುವವರೂ ವಾದ್ಯದವರೂ ಒಂದೇ ಕೋಣೆಯಲ್ಲಿ ಕೂಡಿ, ಮೊದಲಿನಿಂದ ಕೊನೆಯ ವರೆಗೆ ಒಂದೇ ಉಸಿರಿನಲ್ಲೆಂಬಂತೆ ಹಾಡನ್ನು ಮುಗಿಸಬೇಕು. ನಡುವೆ ಒಬ್ಬರು ತಪ್ಪಿದರೂ ಪುನಃ ಆರಂಭದಿಂದಲೇ ಹಾಡಬೇಕು. ಗ್ರಾಮೋಫೋನಿನ ತಟ್ಟೆಯ ಒಂದು ಮಗ್ಗುಲು ಹಿಡಿಯುತ್ತಿದ್ದುದು ಸುಮಾರು ಮೂರು ಮಿನಿಟುಗಳಷ್ಟನ್ನೇ. ನಾಟಕದಲ್ಲಿ ಅರ್ಧ ತಾಸು ವಿಸ್ತರಿಸಬಹುದಾಗಿದ್ದ ರಾಗವನ್ನು ಈ ಮೂರು ಮಿನಿಟುಗಳಲ್ಲಿ ಅಡಗಿಸಬೇಕಾಗಿದ್ದಿತು. ದೊಡ್ಡ ಧ್ವನಿಯನ್ನು ಪಳಗಿಸಿ, ಮೈಕಿನ ಎದುರು ಪಿಸುಮಾತಿನಷ್ಟು ಮೃದುವಾಗಿ ಹಾಡುವದನ್ನು ರಂಗದಿಂದ ಬಂದ ಅಮೀರಬಾಯಿಯವರು ಹೊಸದಾಗಿ ಕಲಿತರು.

ಇನ್ನೊಂದು ಅನ್ಯಾಯವನ್ನೂ ಹೇಳಬೇಕು. ಆ ವರ್ಷಗಳಲ್ಲಿ ಎಷ್ಟೋ ಧ್ವನಿಮುದ್ರಿಕೆಗಳ ಮೇಲೆ ಹಾಡಿದವರ ಹೆಸರಿಗೆ ಬದಲಾಗಿ, ಚಿತ್ರದಲ್ಲಿಯ ಪಾತ್ರದ ಹೆಸರನ್ನು ಮುದ್ರಿಸುತ್ತಿದ್ದರು. ಕಂಠವು ಒಬ್ಬಳದು, ಹೆಸರು ಇಲ್ಲದವಳೊಬ್ಬಳದು!

1943ರಲ್ಲಿ ಬಾಂಬೆ ಟಾಕೀಸ್ ಮಂಡಲಿಯ ಕಿಸ್ಮತ್ ಚಿತ್ರವು ಬಿಡುಗಡೆಯಾಯಿತು. ಅನಿಲ ಬಿಸ್ವಾಸರು ಸಂಗೀತವನ್ನೂ ಕವಿ ಪ್ರದೀಪರು ಹಾಡುಗಳನ್ನೂ ಒದಗಿಸಿದ್ದರು. ಇದರಿಂದಲೇ ಅಮೀರಬಾಯಿಯವರ ಕೀರ್ತಿಯು ಮನೆಮನೆಗೆ ಮುಟ್ಟಿತು. ಮಲಗಿದ ಜೀವವು ಎಚ್ಚರಗೊಳ್ಳದಂತೆ ಮೆಲ್ಲನೆ ಬರಬೇಕೆಂದು ಮೋಡವನ್ನು ಬೇಡಿಕೊಳ್ಳುವ ಹಾಡಿನಲ್ಲಿ ಆಕೆಯ ಕಂಠವು ತಾಯಿಯ ಅಂಗೈಯಂತೆ ಮೃದುವಾಗಿದೆ. ಅದೇ ಚಿತ್ರದ ಮತ್ತೊಂದು ಹಾಡಿನಲ್ಲಿ, ಖಾನ್ ಮಸ್ತಾನಾ ಅವರ ಮತ್ತು ಮೇಳದವರ ಸಂಗಡ, ಪರದೇಶದವರು ಹಿಂದೂಸ್ಥಾನದಿಂದ ದೂರ ಸರಿಯಬೇಕೆಂದು ಅದೇ ಕಂಠವು ಗರ್ಜಿಸಿತು. 1942ರ ಚಲೇಜಾವ್ ಚಳವಳಿಯಿಂದ ಜನರ ಮನಸ್ಸು ಕಾದಿದ್ದ ಹೊತ್ತು ಅದು, ನಾಯಕರೆಲ್ಲ ಸೆರೆಮನೆಯಲ್ಲಿದ್ದರು. ಮಹಾಯುದ್ಧದ ಕಾಲವಾದುದರಿಂದ ಕವಿಯು ಹಾಡಿನಲ್ಲಿ ಜರ್ಮನಿ, ಜಪಾನುಗಳ ಹೆಸರನ್ನೂ ಸೇರಿಸಿದ್ದನು. ಆದಕಾರಣ ಸರಕಾರದ ಪರೀಕ್ಷಕರು ಅದನ್ನು ಹಾಗೆಯೇ ಬಿಟ್ಟರು. ಆದರೆ ಕೇಳಿದ ಜನರಿಗೆ ಅದು ಯಾರಿಗೆ ಹೇಳಿದ ಮಾತೆಂಬದು ಚೆನ್ನಾಗಿ ತಿಳಿಯಿತು. ಚಿತ್ರಮಂದಿರಗಳಲ್ಲಿ ಆ ಹಾಡನ್ನು ಪುನಃ ತೋರಿಸಬೇಕೆಂದು ಪ್ರೇಕ್ಷಕರು ಕೂಗುತ್ತಿದ್ದರಂತೆ. ಕಲಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಕಿಸ್ಮತ್ ಮೂರು ವರ್ಷಗಳಿಗೂ ಮಿಕ್ಕಿ ನಡೆಯಿತು.

ಮುಂದಿನ ನಾಲ್ಕೈದು ವರ್ಷಗಳು ಆಕೆಯ ಏಳಿಗೆಯ ಕಾಲ. 1944ರ ರತನ್ ಚಿತ್ರದಲ್ಲಿ ನೌಷಾದರ ಸಂಗೀತಕ್ಕೆ ಹಾಡಿದರು. 1946ರ ರಾಣಕದೇವಿ ಎಂಬ ಗುಜರಾತೀ ಚಿತ್ರದಲ್ಲಿ ತಮ್ಮ ಹಳ್ಳಿಗೆ ಒಮ್ಮೆ ಬರಬೇಕೆಂದು ಕರೆಯುವ ಹಾಡನ್ನು ಹಾಡಿ ಗುಜರಾತದ ಜನರ ಪ್ರೀತಿಯನ್ನು ಸಂಪಾದಿಸಿದರು. ಕನ್ನಡದಲ್ಲಿಯೂ ಅವರ ಧ್ವನಿಮುದ್ರಿಕೆಗಳು ಹೊರಬಂದವು. 1948ರಲ್ಲಿ ಶಹನಾಜ್ ಎಂಬ ಚಿತ್ರಕ್ಕೆ ತಾವೇ ಸಂಗೀತವನ್ನು ರಚಿಸಿದರು. ಜದ್ದನಬಾಯಿ, ಸರಸ್ವತೀದೇವಿ ಮೊದಲಾದ ಬೆರಳೆಣಿಕೆಯ ಸ್ತ್ರೀಯರ ಹೊರತು ಯಾರೂ ಕೂಡ್ರದ ಆಸನವದು. ಗಳಿಸಿದ ಹಣವನ್ನು ತೌರುಸೀಮೆಯ ಕಡೆಗೂ ತಿರುಗಿಸಿದರು. ವಿಜಾಪುರದಲ್ಲಿ ಅಮೀರ್ ಟಾಕೀಸ್ ಎಂಬ ಚಿತ್ರಮಂದಿರವು ಆಕೆಯ ಹೆಸರಿನಿಂದಲೇ ತಲೆಯೆತ್ತಿತು.

ಹೊರಗಿನ ಈ ಸಿರಿಯ ಒಳಗೆ ಕಣ್ಣೀರೂ ಇದ್ದಿತು. ಚಿತ್ರನಟರೊಬ್ಬರ ಸಂಗಡ ಆದ ವಿವಾಹವು ಆಕೆಗೆ ಕಷ್ಟವನ್ನೇ ತಂದಿತು. ಕಡೆಗೆ ಆ ಬಂಧನದಿಂದ ಬಿಡುಗಡೆ ಹೊಂದಿದರು. ಮುಂದೆ ಪತ್ರಿಕಾ ಸಂಪಾದಕರೊಬ್ಬರನ್ನು ಮದುವೆಯಾಗಿ ನೆಮ್ಮದಿಯನ್ನು ಕಂಡರು. ಪರರ ದುಃಖವನ್ನು ಹಾಡಿ ಸಂತೈಸಿದವಳು ತನ್ನ ದುಃಖವನ್ನು ಬೀದಿಗೆ ತರದೆ ಕೆಲಸದಲ್ಲಿಯೇ ಇಳಿಸಿದಳೆಂಬದನ್ನು ನಾವು ಗೌರವದಿಂದ ನೆನೆಯುತ್ತೇವೆ.

ದೇಶವು ಸ್ವತಂತ್ರವಾದ ಒಂದೆರಡು ವರ್ಷಗಳಲ್ಲಿ ಜನರ ಕಿವಿಯ ರುಚಿಯು ಬದಲಾಯಿತು. 1949ರಲ್ಲಿ ಮಹಲ್, ಬರಸಾತ್ ಮೊದಲಾದ ಚಿತ್ರಗಳ ಮೂಲಕ ಲತಾ ಮಂಗೇಶಕರರ ತೆಳುವಾದ, ಎತ್ತರದ ಕಂಠವು ಎಲ್ಲೆಡೆ ಹಬ್ಬಿತು. ಅಮೀರಬಾಯಿ, ಜೊಹ್ರಾಬಾಯಿ ಅಂಬಾಲೆವಾಲಿ ಮುಂತಾದವರ ತುಂಬುಕಂಠಕ್ಕೆ ಕರೆಗಳು ಕಡಮೆಯಾದವು. ಇಂಥ ಹೊತ್ತಿನಲ್ಲಿ ಎಷ್ಟೋ ಕಲಾವಿದರು ಕಹಿಯಾಗಿ ಮೂಲೆ ಸೇರಿದ್ದುಂಟು. ಅಮೀರಬಾಯಿಯವರಾದರೋ ಮೊದಲು ಕಲಿತಿದ್ದ ವಿದ್ಯೆಗೆ, ಅಂದರೆ ಅಭಿನಯಕ್ಕೆ, ಹಿಂದಿರುಗಿದರು. ನಿನ್ನೆಯ ವರೆಗೆ ನಾಯಕಿಯರಿಗೆ ಕಂಠವಿತ್ತವರು ಚಿಕ್ಕ ಪೋಷಕಪಾತ್ರಗಳಲ್ಲಿ ಕ್ಯಾಮರಾದ ಎದುರು ನಿಂತರು. ದೊಡ್ಡ ಕೆಲಸವನ್ನು ಮಾಡಿದ ಕೈ ಸಣ್ಣ ಕೆಲಸಕ್ಕೆ ನಾಚಬೇಕಾದದ್ದಿಲ್ಲವೆಂಬದನ್ನು ಆಕೆಯು ಮಾಡಿ ತೋರಿಸಿದರು. ಅವರ ಜೀವನದಲ್ಲಿ ನಮಗೆ ಅತ್ಯಂತ ಮೆಚ್ಚಿಕೆಯಾದ ಭಾಗವು ಇದೇ.

ಕೊನೆಗೆ ಪಾರ್ಶ್ವವಾಯುವು ತಗಲಿ, 1965ನೆಯ ಇಸವಿ ಮಾರ್ಚ್ 3ರಂದು ಅವರು ದೈವಾಧೀನರಾದರು. ಮೂವತ್ತು ವರ್ಷಗಳಷ್ಟು ಮುಂಬಯಿಯಲ್ಲಿ ದುಡಿದ ದೇಹವು ವಿಜಾಪುರದ ಮಣ್ಣಿನಲ್ಲಿ ವಿಶ್ರಮಿಸಿತು. ಆಗ ಮುಂಬಯಿಗೆ ದೂರದರ್ಶನವು ಇನ್ನೂ ಬಂದಿರಲಿಲ್ಲ; ಅದು ಬಂದದ್ದು 1972ರಲ್ಲಿ. ಆದುದರಿಂದ ತಮ್ಮ ಹಾಡುಗಳು ಮನೆಮನೆಯ ಪೆಟ್ಟಿಗೆಯಲ್ಲಿ ಚಿತ್ರಸಹಿತವಾಗಿ ಮೂಡುವದನ್ನು ಅವರು ಕಾಣಲಿಲ್ಲ. ಆದರೂ ಆಕಾಶವಾಣಿಯ ಮೂಲಕ ಆ ಕಂಠವು ಬಹುಕಾಲ ಕೇಳಿಸುತ್ತಲೇ ಇದ್ದಿತು. ನಮ್ಮ ಕಾಲದಲ್ಲಿ ಪ್ರೊಫೆಸರ್ ರಹಮತ್ ತರೀಕೆರೆಯವರು ಕನ್ನಡದಲ್ಲಿ ಅವರ ಚರಿತ್ರೆಯನ್ನು ಗ್ರಂಥರೂಪವಾಗಿ ಬರೆದು, ನಾಡಿನ ಒಂದು ಸಾಲವನ್ನು ತೀರಿಸಿದ್ದಾರೆ.

ಸಾಲವೆಂದು ನಾವು ಬೇಕೆಂದೇ ಹೇಳಿದೆವು. ಸ್ನೇಹಸಮ್ಮೇಲನದ ದಿನಗಳು ಹತ್ತಿರ ಬಂದಾಗಲೆಲ್ಲ, ನಾಟಕದ ಪಟ್ಟಿಯಿಂದ ತಮ್ಮ ಮಗಳ ಹೆಸರನ್ನು ತೆಗೆದುಹಾಕಬೇಕೆಂದು ಕೇಳುವದಕ್ಕೆ ಇಂದಿಗೂ ಯಾರಾದರೂ ಪಾಲಕರು ನಮ್ಮ ಕೋಣೆಗೆ ಬರುವದುಂಟು. ಹುಡುಗಿಯು ಹಾಡಿದರೆ ಮನೆತನದ ಮಾನ ಹೋಗುವದೆಂದು ಅವರ ಅಂಜಿಕೆ. ಅವರನ್ನು ನಾವು ಹಳಿಯುವದಿಲ್ಲ. ನೂರು ವರ್ಷಗಳ ಹಿಂದೆ ಬೀಳಗಿಯ ಅಕ್ಕತಂಗಿಯರ ಮೇಲೆ ಬಿದ್ದ ನೋಟದ ನೆರಳು ಇನ್ನೂ ಪೂರ್ತಿಯಾಗಿ ಸರಿದಿಲ್ಲ. ಆದರೆ ಯಾರ ಹಾಡನ್ನು ಕೇಳಿ ನಾವು ಸುಖಪಡುವೆವೋ ಅವರನ್ನು ಗೌರವಿಸದಿರುವದು ನ್ಯಾಯವೇ ಎಂದು ಪಾಲಕರೂ ನಾವೂ ಕೂಡಿಯೇ ವಿಚಾರಿಸಬೇಕು.

ದೇವರು ಒಬ್ಬೊಬ್ಬರಿಗೆ ಒಂದೊಂದು ತಲಾಂತನ್ನು ಒಪ್ಪಿಸಿರುತ್ತಾನೆ. ಅದನ್ನು ಮಣ್ಣಿನಲ್ಲಿ ಹೂಳಿಟ್ಟ ಸೇವಕನ ಸಾಮ್ಯವನ್ನು ನಮ್ಮ ಹುಡುಗಿಯರೆಲ್ಲರೂ ಬಲ್ಲರು. ಅಮೀರಬಾಯಿಯವರು ತಮಗೆ ದೊರೆತದ್ದನ್ನು ಹೂಳಲಿಲ್ಲ. ಜನನಿಂದೆಯ ನಡುವೆಯೂ ದುಡಿಸಿ ಬೆಳೆಯಿಸಿದರು, ಕಾಲವು ತಿರುಗಿಬಿದ್ದಾಗಲೂ ಕೈಬಿಡಲಿಲ್ಲ. ಪ್ರಿಯ ವಿದ್ಯಾರ್ಥಿನಿಯರೇ, ನಿಮ್ಮಲ್ಲಿ ಒಬ್ಬಳಿಗೆ ಕಂಠವಿರಬಹುದು, ಇನ್ನೊಬ್ಬಳಿಗೆ ಗಣಿತದ ಬುದ್ಧಿ, ಮತ್ತೊಬ್ಬಳಿಗೆ ಸೂಜಿ ಹಿಡಿಯುವ ಬೆರಳು ಇರಬಹುದು. ಅದನ್ನು ಕೊಳಗದ ಕೆಳಗೆ ಇಡದೆ ದೀಪಸ್ತಂಭದ ಮೇಲಿಡುವ ಧೈರ್ಯವು ನಿಮಗೂ, ಅದನ್ನು ಕಂಡು ಸಂತೋಷಪಡುವ ಮನಸ್ಸು ನಮ್ಮೆಲ್ಲರಿಗೂ ಉಂಟಾಗಲೆಂದು ದಯಾಮಯನಾದ ದೇವರನ್ನು ಬೇಡುತ್ತೇವೆ.