ಶಾಸನಾಚಾರ್ಯ ಬಿ. ಎಲ್. ರೈಸ್

ಶಿಲಾಶಾಸನಗಳನ್ನು ಓದುವ ವಿದ್ಯೆಗೆ ಈಚೆಗೆ ಗಣಕಯಂತ್ರದ ನೆರವು ದೊರೆತಿದೆ. ಕಲ್ಲಿನ ಮೇಲ್ಮೈಯನ್ನು ಬೆಳಕಿನಿಂದ ಅಳೆದು, ಅದರ ಉಬ್ಬುತಗ್ಗುಗಳ ಪ್ರತಿಕೃತಿಯನ್ನು ತೆರೆಯ ಮೇಲೆ ನಿಲ್ಲಿಸಿ, ಬೇಕಾದ ಕಡೆಯಿಂದ ನೆರಳು ಬೀಳಿಸಿ ಸವೆದ ಅಕ್ಷರವನ್ನು ಗುರುತಿಸಬಹುದಾಗಿದೆ. ಆದರೆ ಕನ್ನಡ ನಾಡಿನಲ್ಲಿ ಈ ಕಾರ್ಯಕ್ಕೆ ಹೊರಟವರು ಯಾವ ಊರಿನಲ್ಲಿ ಯಾವ ಕಲ್ಲಿದೆಯೆಂದು ತಿಳಿಯಲು ಇಂದಿಗೂ ಮೊದಲು ತೆರೆಯುವುದು ನೂರು ವರ್ಷಕ್ಕೂ ಹಿಂದಿನ ಗ್ರಂಥಮಾಲೆಯೊಂದನ್ನು. ಅದು ‘ಎಪಿಗ್ರಾಫಿಯ ಕರ್ನಾಟಿಕ’. ಅದನ್ನು ಕಟ್ಟಿದವರು ಬೆಂಜಮಿನ್ ಲೂಯಿಸ್ ರೈಸ್.

ರೈಸರು 1837ನೆಯ ಇಸವಿ ಜುಲೈ 17ರಂದು ಬೆಂಗಳೂರಿನಲ್ಲಿ ಜನಿಸಿದರು. ತಂದೆ ಲಂಡನ್ ಮಿಷನ್ನಿನ ಪಾದ್ರಿಗಳು. ಇಂಗ್ಲೆಂಡಿನಲ್ಲಿ ವಿದ್ಯಾಭ್ಯಾಸವನ್ನು ಮುಗಿಸಿ 1860ರಲ್ಲಿ ಬೆಂಗಳೂರಿನ ಹೈಸ್ಕೂಲಿಗೆ ಮುಖ್ಯೋಪಾಧ್ಯಾಯರಾಗಿ ಬಂದರು. ಮುಂದೆ ಸೆಂಟ್ರಲ್ ಕಾಲೇಜೆಂದು ಹೆಸರಾದದ್ದು ಆ ಶಾಲೆಯೇ. ಬಳಿಕ ಪಾಠಶಾಲೆಗಳ ಇನ್ಸ್‌ಪೆಕ್ಟರಾಗಿ, 1868ರಲ್ಲಿ ವಿದ್ಯಾ ಇಲಾಖೆಯ ಮುಖ್ಯಾಧಿಕಾರಿಯಾಗಿ ನಿಯುಕ್ತರಾದರು. ಶಾಲೆಗಳ ತನಿಖೆಗೆಂದು ಕುದುರೆಯೇರಿ ಹಳ್ಳಿಹಳ್ಳಿಗೆ ಹೋಗುತ್ತಿದ್ದಾಗ ದೇವಸ್ಥಾನದ ಅಂಗಳದಲ್ಲಿಯೂ ಕೆರೆಯ ಏರಿಯ ಮೇಲೂ ನಿಂತಿದ್ದ ಕಲ್ಲುಗಳು ಅವರ ಕಣ್ಣನ್ನು ಸೆಳೆದವು.

ಇಲ್ಲಿ ಒಂದು ಸ್ವಾರಸ್ಯವಿದೆ. ರೈಸರನ್ನು ಶಾಸನಕ್ಷೇತ್ರಕ್ಕೆ ತಂದದ್ದು ಅವರ ಕಾಲದ ಹೊಸ ಯಂತ್ರವೇ. ಮೇಜರ್ ಡಿಕ್ಸನ್ ಎಂಬ ಸೈನ್ಯಾಧಿಕಾರಿ 1865ರಲ್ಲಿ ಸುಮಾರು 150 ಶಾಸನಗಳ ಛಾಯಾಚಿತ್ರಗಳನ್ನು ತೆಗೆದಿದ್ದರು. ಅವನ್ನು ಓದಿ ಅನುವಾದಿಸುವ ಕೆಲಸ ರೈಸರ ಪಾಲಿಗೆ ಬಂದಿತು. ಅದರ ಫಲವಾಗಿ 1879ರಲ್ಲಿ ‘ಮೈಸೂರ್ ಇನ್‌ಸ್ಕ್ರಿಪ್ಷನ್ಸ್’ ಎಂಬ ಗ್ರಂಥವು ಹೊರಬಂದಿತು. ಚಿತ್ರವನ್ನು ನೋಡಿ ಓದುವುದರ ಅನುಕೂಲವನ್ನೂ, ಅದೊಂದನ್ನೇ ನಂಬುವುದರ ಅಪಾಯವನ್ನೂ ಅವರು ಅಂದೇ ಕಂಡುಕೊಂಡಿರಬೇಕು. ಮುಂದಿನ ಕಾರ್ಯಕ್ಕೆ ಅವರು ಪಂಡಿತರನ್ನು ಕಲ್ಲಿನ ಬಳಿಗೇ ಕಳುಹಿಸಿದರು.

ಮೈಸೂರಿನಲ್ಲಿ ಪ್ರಾಕ್ತನ ಇಲಾಖೆಯು ಸ್ಥಾಪಿತವಾದಾಗ ಅದರ ಹೊಣೆಯೂ ರೈಸರ ಹೆಗಲಿಗೇರಿತು. 1886ರಲ್ಲಿ ಕೊಡಗಿನ ಶಾಸನಗಳ ಸಂಪುಟವೂ, 1889ರಲ್ಲಿ ಶ್ರವಣಬೆಳ್ಗೊಳದ ಸಂಪುಟವೂ ಪ್ರಕಟವಾದವು. 1905ರ ಹೊತ್ತಿಗೆ 12 ಸಂಪುಟಗಳು ಪೂರ್ಣವಾದವು. ಅವುಗಳಲ್ಲಿ ಅಡಕವಾದ ಶಾಸನಗಳು ಸುಮಾರು 9000. ಈ ಸಂಖ್ಯೆಗಿಂತ ಹೆಚ್ಚಿನದು ಅವರು ಅನುಸರಿಸಿದ ಕ್ರಮ. ರಾಜರ ಪ್ರಶಸ್ತಿಗಳನ್ನು ಮಾತ್ರ ಆರಿಸಿಕೊಂಡು ಮಿಕ್ಕವನ್ನು ಕೈಬಿಡುವುದು ಸುಲಭವಾಗಿತ್ತು. ರೈಸರು ಹಾಗೆ ಮಾಡಲಿಲ್ಲ. ತುರುಗಾಳಗದಲ್ಲಿ ಮಡಿದ ಹಳ್ಳಿಗನ ವೀರಗಲ್ಲು, ಕೆರೆಗೆ ಬಿಟ್ಟ ಕೊಡಗೆಯ ಎರಡು ಸಾಲು, ಒಡೆದುಹೋಗಿ ಅರ್ಧವೇ ಉಳಿದ ಚೂರು, ಎಲ್ಲಕ್ಕೂ ತಾಲ್ಲೂಕಿಗನುಸಾರವಾಗಿ ಒಂದೊಂದು ಸಂಖ್ಯೆಯನ್ನು ಕೊಟ್ಟು, ಊರನ್ನೂ ಕಲ್ಲಿರುವ ತಾಣವನ್ನೂ ನಮೂದಿಸಿದರು. ಮೂಲಪಾಠವನ್ನು ದೇಶೀಯ ಲಿಪಿಯಲ್ಲಿಯೂ ರೋಮನ್ ಲಿಪಿಯಲ್ಲಿಯೂ ಮುದ್ರಿಸಿ ಇಂಗ್ಲಿಷ್ ಅನುವಾದವನ್ನು ಜೋಡಿಸಿದರು. ಗಣಕಯಂತ್ರವೆಂಬುದು ಬೇಡುವುದು ಇಂಥ ವ್ಯವಸ್ಥೆಯನ್ನೇ.

1892ರಲ್ಲಿ ಮೊಳಕಾಲ್ಮುರು ತಾಲ್ಲೂಕಿನ ಬ್ರಹ್ಮಗಿರಿ, ಸಿದ್ಧಾಪುರ, ಜಟಿಂಗ ರಾಮೇಶ್ವರಗಳಲ್ಲಿ ಅಶೋಕನ ಶಾಸನಗಳನ್ನು ಅವರು ಬೆಳಕಿಗೆ ತಂದರು. ಮೌರ್ಯರ ಆಳ್ವಿಕೆಯು ಮೈಸೂರು ಸೀಮೆಯವರೆಗೆ ಹಬ್ಬಿತ್ತೆಂಬುದು ಇದರಿಂದ ಸಿದ್ಧವಾಯಿತು. ಲಿಪಿಕಾರನಾದ ಚಪಡನು ತನ್ನ ವೃತ್ತಿಯ ಹೆಸರನ್ನು ವಾಯವ್ಯ ದೇಶದ ಖರೋಷ್ಠಿಯಲ್ಲಿ ಕೊರೆದಿರುವುದು ಆ ಶಾಸನಗಳಲ್ಲಿಯೇ. ಶಿಕಾರಿಪುರ ತಾಲ್ಲೂಕಿನ ತಾಳಗುಂದದ ಕದಂಬ ಸ್ತಂಭಶಾಸನವೂ, ಬಳ್ಳಿಗಾವೆಯ ಕೋಡಿಯ ಮಠದ 1162ರ ಶಾಸನವೂ ಏಳನೆಯ ಸಂಪುಟದಲ್ಲಿವೆ. ವೇದಗಳನ್ನೂ ಹಲವು ವ್ಯಾಕರಣಗಳನ್ನೂ ಕಲಿಸುತ್ತ, ಹಸಿದವರಿಗೆ ಅನ್ನವನ್ನೂ ರೋಗಿಗಳಿಗೆ ಔಷಧವನ್ನೂ ನೀಡುತ್ತಿದ್ದ ಆ ಕಾಳಾಮುಖ ಮಠದ ವರ್ಣನೆಯನ್ನು ಮಠದ ಶಾಲೆಯಲ್ಲಿ ಓದುವ ನಮ್ಮ ವಿದ್ಯಾರ್ಥಿಗಳು ಒಮ್ಮೆಯಾದರೂ ನೋಡಬೇಕು.

ಕಾವ್ಯಶಾಸ್ತ್ರಗಳ ಪ್ರಕಟಣೆಯಲ್ಲಿಯೂ ರೈಸರ ಸೇವೆ ಅಲ್ಪವಲ್ಲ. ಅವರ ‘ಬಿಬ್ಲಿಯೋಥಿಕ ಕರ್ನಾಟಿಕ’ ಮಾಲೆಯಲ್ಲಿ ಭಾಷಾಭೂಷಣ, ಶಬ್ದಾನುಶಾಸನ, ಪಂಪಭಾರತಗಳು ಅಚ್ಚಾದವು. 1898ರಲ್ಲಿ ಕೆ. ಬಿ. ಪಾಠಕರ ಸಂಪಾದನೆಯಲ್ಲಿ ಕವಿರಾಜಮಾರ್ಗವು ಮೊದಲ ಬಾರಿಗೆ ಅಚ್ಚಾದದ್ದೂ ಇದೇ ಮಾಲೆಯಲ್ಲಿ.

ರೈಸರ ಕಾರ್ಯವು ದೋಷರಹಿತವೆಂದು ಹೇಳಲಾಗದು. ಗಂಗರ ತಾಮ್ರಪಟಗಳಲ್ಲಿ ಅನೇಕವು ಕೂಟವೆಂದು ಫ್ಲೀಟರು ವಾದಿಸಿದರು. ರೈಸರು ಅವನ್ನು ಎತ್ತಿಹಿಡಿದರು. ಈ ವಿವಾದದಲ್ಲಿ ಫ್ಲೀಟರ ಪಕ್ಷವೇ ಬಹುಮಟ್ಟಿಗೆ ಬಲವಾದುದೆಂದು ನನ್ನ ಅಭಿಪ್ರಾಯ. ಅವಸರದ ಪ್ರತಿಗಳಿಂದಾದ ತಪ್ಪು ಪಾಠಗಳೂ ಉಂಟು. ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ಅಧ್ಯಯನ ಸಂಸ್ಥೆಯು 1972ರಿಂದ ಪರಿಷ್ಕೃತ ಸಂಪುಟಗಳನ್ನು ಹೊರತಂದುದು ಇದೇ ಕಾರಣದಿಂದ. ಈಗ ಹಳೆಯ ಸಂಪುಟಗಳ ಪುಟಪುಟವೂ ಅಂತರಜಾಲದಲ್ಲಿ ದೊರೆಯುತ್ತದೆ. ಆದರೆ ಅಕ್ಷರಗಳ ಮೇಲೂ ಕೆಳಗೂ ಗುರುತುಗಳಿರುವ ಅವರ ರೋಮನ್ ಪಾಠವನ್ನು ಯಂತ್ರವು ಓದುವಾಗ ಎಡವುತ್ತದೆ. ೞಕಾರ ಳಕಾರಗಳ ಭೇದವನ್ನರಿಯದವನು ಪದವನ್ನು ಹುಡುಕಿದರೆ ಇದ್ದ ಪದವೂ ಸಿಕ್ಕದು. ಹಳಗನ್ನಡದ ವ್ಯಾಕರಣವನ್ನು ಯಂತ್ರವು ನಮಗಾಗಿ ಕಲಿತುಕೊಡಲಾರದು.

2021ರಲ್ಲಿ ಬೆಂಗಳೂರಿನ ಮಿಥಿಕ್ ಸೊಸೈಟಿಯು ನಗರದ ಸುತ್ತಣ ಶಾಸನಗಳನ್ನು ಮೂರು ಆಯಾಮಗಳಲ್ಲಿ ದಾಖಲಿಸುವ ಯೋಜನೆಯನ್ನು ಕೈಗೊಂಡಿತು. ರೈಸರು ಹೇಳಿದ ಊರುಗಳಿಗೆ ಹೋದವರಿಗೆ ಕಲ್ಲುಗಳು ಎಷ್ಟೋ ಕಡೆ ಕಾಣಲಿಲ್ಲ. ರಸ್ತೆಯೂ ಮನೆಗಳೂ ಬೆಳೆದಂತೆ ಅವು ಮಾಯವಾಗಿದ್ದವು. ಇಲ್ಲದ ಕಲ್ಲನ್ನು ಯಾವ ಯಂತ್ರವೂ ಅಳೆಯಲಾರದು. ರೈಸರು ಅಚ್ಚುಪ್ರತಿಯ ಚಿತ್ರಗಳನ್ನು ಕೊಟ್ಟಿರುವುದು ಕೆಲವಕ್ಕೆ ಮಾತ್ರ. ಆದಕಾರಣ ನಷ್ಟವಾದ ಬಹುಪಾಲು ಶಾಸನಗಳಿಗೆ ಅವರ ಮುದ್ರಿತ ಪಾಠವೇ ಏಕಮಾತ್ರ ಸಾಕ್ಷಿ. ಅದು ತಪ್ಪಿದ್ದರೂ ತಿದ್ದಿಕೊಳ್ಳಲು ಮೂಲವಿಲ್ಲ.

1906ರಲ್ಲಿ ರೈಸರು ನಿವೃತ್ತರಾದರು. ಅವರ ಸಹಾಯಕರಾಗಿದ್ದ ಆರ್. ನರಸಿಂಹಾಚಾರ್ಯರು ಆ ಸ್ಥಾನಕ್ಕೆ ಬಂದರು. ಇಂಗ್ಲೆಂಡಿಗೆ ಹೋದ ಮೇಲೂ ಲೇಖನಿಯನ್ನು ಕೆಳಗಿಡದೆ, ಶಾಸನಗಳನ್ನು ಆಧರಿಸಿದ ಮೈಸೂರು ಕೊಡಗುಗಳ ಚರಿತ್ರೆಯನ್ನು 1909ರಲ್ಲಿ ಪ್ರಕಟಿಸಿದರು. 1927ನೆಯ ಇಸವಿ ಜುಲೈ 10ರಂದು, ತೊಂಬತ್ತು ತುಂಬಲು ಒಂದು ವಾರ ಉಳಿದಿರುವಾಗ, ಹ್ಯಾರೋ ಎಂಬಲ್ಲಿ ದೇಹವನ್ನು ಬಿಟ್ಟರು. ತಾಳಗುಂದದ ಸ್ತಂಭವನ್ನು ವಿದ್ವಾಂಸರು ಇಂದಿಗೂ ಶಿಕಾರಿಪುರ 176 ಎಂದು ಅವರು ಕೊಟ್ಟ ಸಂಖ್ಯೆಯಿಂದಲೇ ಗುರುತಿಸುತ್ತಾರೆ.