ರಾಷ್ಟ್ರಪತಿ ಪೀಠದ ಹೊಣೆ ಮತ್ತು ಶ್ರೀ ಬಿ. ಡಿ. ಜತ್ತಿಯವರು

ಕಲ್ಯಾಣದ ಅನುಭವಮಂಟಪದಲ್ಲಿ ಅಲ್ಲಮಪ್ರಭುಗಳು ಅಲಂಕರಿಸಿದ ಪೀಠಕ್ಕೆ ಶೂನ್ಯಸಿಂಹಾಸನವೆಂದು ಹೆಸರು. ಲೋಕದ ಸಿಂಹಾಸನಗಳು ಕುಳಿತವನ ಹಿರಿಮೆಯನ್ನು ಸಾರಿದರೆ, ಈ ಸಿಂಹಾಸನವು ತನ್ನ ಮೇಲೆ ಕುಳಿತವನಲ್ಲಿ ನಾನೆಂಬುದು ಅಳಿದಿರಬೇಕೆಂದು ಬಯಸಿತು. ಆ ಪರಂಪರೆಯನ್ನು ಬೆಳಗಿದ ತೋಂಟದ ಸಿದ್ಧಲಿಂಗ ಯತಿಗಳು ಕಗ್ಗೆರೆಯಲ್ಲಿ ತಪಗೈದು ಎಡೆಯೂರಿನಲ್ಲಿ ನೆಲೆನಿಂತುದನ್ನು ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ಸೀಮೆಯ ಸದ್ಭಕ್ತರಿಗೆ ಹೊಸದಾಗಿ ಹೇಳಬೇಕಾಗಿಲ್ಲ. ನಮ್ಮ ಗಣರಾಜ್ಯದಲ್ಲಿಯೂ ಇಂತಹ ಗುಣವನ್ನೇ ಬೇಡುವ ಒಂದು ಪೀಠವಿದೆ. ಅದು ರಾಷ್ಟ್ರಪತಿಗಳ ಪೀಠ.

ಸರ್ಕಾರದ ಸಕಲ ಆಡಳಿತವೂ ರಾಷ್ಟ್ರಪತಿಗಳ ಹೆಸರಿನಲ್ಲಿ ನಡೆಯುತ್ತದೆ. ಆದರೆ ಅವರು ನಡೆಯಬೇಕಾದುದು ಮಂತ್ರಿಮಂಡಲದ ಸಲಹೆಯಂತೆ. ಸಂವಿಧಾನವನ್ನು ಕಾಪಾಡುವೆನೆಂದೂ ಜನರ ಸೇವೆಗೆ ತನ್ನನ್ನು ಮುಡಿಪಾಗಿಡುವೆನೆಂದೂ ಅವರು ಪ್ರಮಾಣವಚನ ಸ್ವೀಕರಿಸುತ್ತಾರೆ. ಸ್ವಂತ ಇಚ್ಛೆಯಂತೆ ಆಳುವ ಅಧಿಕಾರವಿಲ್ಲ. ಕಣ್ಣುಮುಚ್ಚಿ ಅಂಕಿತ ಹಾಕಿದರೆ ಪ್ರಮಾಣಕ್ಕೆ ಅರ್ಥವಿಲ್ಲ. ಈ ಎರಡರ ನಡುವಣ ಇಕ್ಕಟ್ಟಿನ ದಾರಿಯಲ್ಲಿ ನಡೆಯಲು ಕಾಯಿದೆಯ ಜ್ಞಾನವೊಂದೇ ಸಾಲದು, ಶೀಲವೂ ಬೇಕು. ಆ ದಾರಿಯಲ್ಲಿ ಕೆಲವು ತಿಂಗಳು ನಡೆದ ಕನ್ನಡಿಗರೊಬ್ಬರ ಜೀವನವನ್ನು ಇಲ್ಲಿ ಸ್ಮರಿಸೋಣ.

ಬಸಪ್ಪ ದಾನಪ್ಪ ಜತ್ತಿಯವರು 1912ರ ಸೆಪ್ಟೆಂಬರ್ 10ರಂದು ಇಂದಿನ ಬಾಗಲಕೋಟೆ ಜಿಲ್ಲೆಯ ಜಮಖಂಡಿ ತಾಲ್ಲೂಕಿನ ಸಾವಳಗಿಯಲ್ಲಿ ಜನಿಸಿದರು. ತಂದೆ ದಾನಪ್ಪನವರದು ಕಿರಾಣಿ ವ್ಯಾಪಾರ. ಸಾಮಾನ್ಯ ಲಿಂಗವಂತ ಮನೆತನ. ಸಂಪತ್ತೂ ಇಲ್ಲ, ಅರಮನೆಯ ನಂಟೂ ಇಲ್ಲ. ಕೊಲ್ಹಾಪುರದಲ್ಲಿ ಕಾಯಿದೆ ವ್ಯಾಸಂಗವನ್ನು ಪೂರೈಸಿ ಜಮಖಂಡಿಯಲ್ಲಿ ವಕೀಲರಾದರು. 1940ರಲ್ಲಿ ಅಲ್ಲಿಯ ಪುರಸಭೆಯ ಸದಸ್ಯತ್ವ, 1945ರಲ್ಲಿ ಅದರ ಅಧ್ಯಕ್ಷತೆ, ಅನಂತರ ಸಂಸ್ಥಾನದ ಮಂತ್ರಿಪದವಿ, 1948ರಲ್ಲಿ ದಿವಾನಗಿರಿ ಹೀಗೆ ಒಂದೊಂದೇ ಹೊಣೆ ಅವರ ಹೆಗಲೇರಿತು. ಅದೇ ವರ್ಷದ ಮಾರ್ಚಿಯಲ್ಲಿ ಸಂಸ್ಥಾನವು ಮುಂಬಯಿ ಪ್ರಾಂತದಲ್ಲಿ ವಿಲೀನವಾದಾಗ ದಿವಾನಗಿರಿಯೂ ಮುಗಿಯಿತು. ನಿನ್ನೆ ದಿವಾನರಾಗಿದ್ದವರು ಯಾವ ಬಿಗುಮಾನವೂ ಇಲ್ಲದೆ ಮರಳಿ ನ್ಯಾಯಾಲಯದ ಮೆಟ್ಟಿಲೇರಿ ವಕೀಲಿಯನ್ನು ಕೈಗೊಂಡರು.

ಮುಂದೆ ಮುಂಬಯಿ ವಿಧಾನಸಭೆಯ ಸದಸ್ಯರಾಗಿ, ಶ್ರೀ ಬಿ. ಜಿ. ಖೇರರ ಸಂಸದೀಯ ಕಾರ್ಯದರ್ಶಿಯಾಗಿ, 1952ರ ಚುನಾವಣೆಯ ತರುವಾಯ ಆರೋಗ್ಯ ಮತ್ತು ಕಾರ್ಮಿಕ ಖಾತೆಗಳ ಉಪಮಂತ್ರಿಯಾಗಿ ಅವರು ಸೇವೆ ಸಲ್ಲಿಸಿದರು. 1956ರಲ್ಲಿ ಕನ್ನಡ ನಾಡು ಒಂದಾದ ಮೇಲೆ ಭೂಸುಧಾರಣಾ ಸಮಿತಿಯ ಅಧ್ಯಕ್ಷರಾದರು. ಜತ್ತಿ ಸಮಿತಿಯೆಂದೇ ಹೆಸರಾದ ಅದರ ವರದಿಯು 1961ರ ಮೈಸೂರು ಭೂಸುಧಾರಣಾ ಕಾಯಿದೆಗೆ ತಳಹದಿಯಾಯಿತು. 1958ರ ಮೇ ತಿಂಗಳಿಂದ 1962ರ ಮಾರ್ಚಿಯವರೆಗೆ ಅವರು ರಾಜ್ಯದ ಮುಖ್ಯಮಂತ್ರಿಗಳಾಗಿದ್ದರು. ಆ ಪದವಿ ಕೈಬಿಟ್ಟ ಮೇಲೆ ಶ್ರೀ ನಿಜಲಿಂಗಪ್ಪನವರ ಮಂತ್ರಿಮಂಡಲದಲ್ಲಿ ಹಣಕಾಸಿನ ಸಚಿವರಾಗಿ ದುಡಿದರು. ತಾನು ಕುಳಿತಿದ್ದ ಕುರ್ಚಿಯಲ್ಲಿ ಬೇರೊಬ್ಬರು ಕುಳಿತಿರಲು ಅವರ ಕೈಕೆಳಗೆ ಕೆಲಸ ಮಾಡುವುದು ಎಲ್ಲರಿಂದಲೂ ಆಗುವ ಮಾತಲ್ಲ. ನಮ್ಮ ಸೀಮೆಯಲ್ಲಿ ತೆಂಗಿನಕಾಯಿ ಅಟ್ಟದ ಮೇಲೆ ಹತ್ತು ಹನ್ನೊಂದು ತಿಂಗಳು ಕುಳಿತು, ತನ್ನ ನೀರನ್ನು ತಾನೇ ಆರಿಸಿಕೊಂಡು ಉಂಡೆ ಕೊಬ್ಬರಿಯಾಗುವುದನ್ನು ಕಂಡವರಿಗೆ ಇದರ ಮರ್ಮ ತಿಳಿದೀತು.

ಹೀಗೆಂದ ಮಾತ್ರಕ್ಕೆ ಅವರ ನಡೆಯೆಲ್ಲ ಟೀಕೆಗೆ ಅತೀತವಾಗಿತ್ತೆಂದು ಹೇಳಲಾಗದು. ಪಾಂಡಿಚೇರಿಯ ಲೆಫ್ಟಿನೆಂಟ್ ಗವರ್ನರರಾಗಿದ್ದು 1972ರಲ್ಲಿ ಒರಿಸ್ಸಾದ ರಾಜ್ಯಪಾಲರಾದ ಮೇಲೆ ಅವರಿಗೊಂದು ಪರೀಕ್ಷೆ ಬಂದಿತು. 1973ರ ಮಾರ್ಚಿಯಲ್ಲಿ ಅಲ್ಲಿಯ ಮುಖ್ಯಮಂತ್ರಿ ಶ್ರೀಮತಿ ನಂದಿನಿ ಸತ್ಪತಿಯವರು ರಾಜೀನಾಮೆಯಿತ್ತಾಗ, ಬಹುಮತ ತಮಗಿದೆಯೆಂದು ಶ್ರೀ ಬಿಜು ಪಟ್ನಾಯಕರು ಹಕ್ಕು ಮಂಡಿಸಿದರು. ರಾಜ್ಯಪಾಲರು ಅವರನ್ನು ಕರೆಯದೆ ರಾಷ್ಟ್ರಪತಿ ಆಳ್ವಿಕೆಗೆ ಶಿಫಾರಸು ಮಾಡಿದರು. ಅದು ತೀವ್ರ ಟೀಕೆಗೆ ಗುರಿಯಾಗಿ ನ್ಯಾಯಾಲಯದವರೆಗೂ ಹೋಯಿತು. ಇದನ್ನು ಮರೆಮಾಚಿ ಅವರನ್ನು ಹೊಗಳುವುದು ಸತ್ಯಕ್ಕೆ ಸಲ್ಲದು.

1974ರ ಆಗಸ್ಟಿನಲ್ಲಿ ಅವರು ಉಪರಾಷ್ಟ್ರಪತಿಗಳಾದರು. ಮರುವರ್ಷ ಜೂನ್ 25ರ ರಾತ್ರಿ ದೇಶದಲ್ಲಿ ತುರ್ತು ಪರಿಸ್ಥಿತಿಯ ಘೋಷಣೆಯಾಯಿತು. ಮಂತ್ರಿಮಂಡಲವು ಸಭೆ ಸೇರುವ ಮೊದಲೇ, ಪ್ರಧಾನಮಂತ್ರಿಗಳ ಸಲಹೆಯೊಂದನ್ನೇ ನೆಚ್ಚಿ ರಾಷ್ಟ್ರಪತಿ ಫಕ್ರುದ್ದೀನ್ ಅಲಿ ಅಹಮದರು ಆ ಘೋಷಣೆಗೆ ಅಂಕಿತ ಹಾಕಿದರು. ಸಚಿವರು ಒಪ್ಪಿಗೆಯಿತ್ತುದು ಮರುದಿನ ಬೆಳಗಿನಲ್ಲಿ. ಒಂದು ರಾತ್ರಿಯ ವಿಚಾರಕ್ಕೂ ಎಡೆಗೊಡದ ಆ ಅಂಕಿತದ ಫಲವನ್ನು ದೇಶವು 21 ತಿಂಗಳ ಕಾಲ ಉಂಡಿತು. ಸಾವಿರಾರು ಜನ ವಿಚಾರಣೆಯಿಲ್ಲದೆ ಸೆರೆಮನೆ ಸೇರಿದರು. ಜತ್ತಿಯವರೂ ಆಗ ಉಪರಾಷ್ಟ್ರಪತಿ ಪದವಿಯನ್ನು ತ್ಯಜಿಸಲಿಲ್ಲ.

1977ರ ಫೆಬ್ರವರಿ 11ರಂದು ರಾಷ್ಟ್ರಪತಿಗಳು ತೀರಿಕೊಂಡರು. ಅಂದೇ ಜತ್ತಿಯವರು ಹಂಗಾಮಿ ರಾಷ್ಟ್ರಪತಿಗಳಾದರು. ಸಾವಳಗಿಯ ಕಿರಾಣಿ ವ್ಯಾಪಾರಿಯ ಮಗ ರಾಷ್ಟ್ರಪತಿ ಭವನದ ಹೊಣೆ ಹೊತ್ತರು. ಮಾರ್ಚಿಯ ಚುನಾವಣೆಯಲ್ಲಿ ಅವರ ಹಳೆಯ ಪಕ್ಷವು ಸೋತಿತು. ಮಾರ್ಚ್ 21ರಂದು ತುರ್ತು ಪರಿಸ್ಥಿತಿ ಕೊನೆಗೊಂಡಿತು. 24ರಂದು ಶ್ರೀ ಮೊರಾರ್ಜಿ ದೇಸಾಯಿಯವರಿಗೆ ಜತ್ತಿಯವರು ಪ್ರಮಾಣವಚನ ಬೋಧಿಸಿದರು. ಸ್ವಾತಂತ್ರ್ಯಾನಂತರ ಕೇಂದ್ರದಲ್ಲಿ ಮೊದಲ ಬಾರಿಗೆ ಅಧಿಕಾರವು ಒಂದು ಪಕ್ಷದಿಂದ ಬೇರೊಂದಕ್ಕೆ ದಾಟಿತು. ಆ ದಾಟುವಿಕೆ ಶಾಂತವಾಗಿ ನಡೆಯಿತು.

ನಿಜವಾದ ಒರೆಗಲ್ಲು ಏಪ್ರಿಲ್ ಅಂತ್ಯಕ್ಕೆ ಎದುರಾಯಿತು. ಉತ್ತರ ಪ್ರದೇಶ, ಬಿಹಾರ, ಒರಿಸ್ಸಾ, ಪಶ್ಚಿಮ ಬಂಗಾಳವೇ ಮೊದಲಾದ ಒಂಬತ್ತು ರಾಜ್ಯಗಳ ವಿಧಾನಸಭೆಗಳನ್ನು ವಿಸರ್ಜಿಸಲು ಹೊಸ ಸರ್ಕಾರವು ನಿಶ್ಚಯಿಸಿತು. ಲೋಕಸಭಾ ಚುನಾವಣೆಯಲ್ಲಿ ತಿರಸ್ಕೃತವಾದ ಪಕ್ಷವು ರಾಜ್ಯಗಳಲ್ಲಿ ಆಳುವುದು ತರವಲ್ಲವೆಂಬುದು ಅದರ ವಾದ. ಕೆಲವು ರಾಜ್ಯಗಳು ಸುಪ್ರೀಂ ಕೋರ್ಟಿಗೆ ಹೋದವು. ಏಪ್ರಿಲ್ 29ರಂದು ಏಳು ನ್ಯಾಯಾಧೀಶರ ಪೀಠವು ಅವುಗಳ ದಾವೆಯನ್ನು ತಳ್ಳಿಹಾಕಿತು. ಕಾಗದವು ಅಂಕಿತಕ್ಕೆ ಬಂದಾಗ ಜತ್ತಿಯವರು ಒಡನೆ ಸಹಿ ಮಾಡಲಿಲ್ಲ. ಕಾಯಿದೆಗೆ ಸರಿಯಾದುದು ಜನರ ಕಣ್ಣಿಗೂ ನ್ಯಾಯವಾಗಿ ತೋರಬೇಕಲ್ಲವೆ ಎಂಬುದು ಅವರ ಅಳುಕು. ಹಳೆಯ ಪಕ್ಷದ ಋಣ ತೀರಿಸುತ್ತಿದ್ದಾರೆಂಬ ಆರೋಪ ಎದ್ದಿತು, ಆಕ್ರೋಶವೂ ವ್ಯಕ್ತವಾಯಿತು. ಮರುದಿನ, ಏಪ್ರಿಲ್ 30ರಂದು, ಅವರು ಅಂಕಿತ ಹಾಕಿದರು.

ಇದು ದೌರ್ಬಲ್ಯವೆಂದವರುಂಟು, ಪಕ್ಷಪಾತವೆಂದವರುಂಟು. ಒರಿಸ್ಸಾದಲ್ಲಿ ಅವರೇ ಮಾಡಿದ ಶಿಫಾರಸನ್ನು ನೆನೆದವರಿಗೆ ಸಂಶಯ ಬಂದುದೂ ಸಹಜ. ಆದರೆ ಒಂದು ಸಂಗತಿಯನ್ನು ಗಮನಿಸಬೇಕು. ಆ ವರ್ಷದ ಜನವರಿಯಲ್ಲಿ ಜಾರಿಗೆ ಬಂದ 42ನೆಯ ತಿದ್ದುಪಡಿಯು ಮಂತ್ರಿಮಂಡಲದ ಸಲಹೆಯಂತೆಯೇ ರಾಷ್ಟ್ರಪತಿಗಳು ನಡೆಯತಕ್ಕದ್ದೆಂದು ಕಟ್ಟುಮಾಡಿತ್ತು. ಮರುಪರಿಶೀಲಿಸಿರೆಂದು ಹಿಂದಿರುಗಿಸಲು ಸ್ಪಷ್ಟವಾದ ದಾರಿಯನ್ನು ಬಿಟ್ಟಿರಲಿಲ್ಲ. ಆ ಬಿಗಿಯೊಳಗೆ ಒಂದು ದಿನ ತಡೆದು ವಿಚಾರಿಸಿದರು. ಬಳಿಕ ಜನರಾರಿಸಿದ ಸರ್ಕಾರಕ್ಕೆ ತಲೆಬಾಗಿದರು. ತಡೆಯದೆ ಹಾಕಿದ ಅಂಕಿತವೊಂದು ದೇಶವನ್ನು ಸೆರೆಮನೆಯಾಗಿಸಿದುದನ್ನು ಕಂಡ ಮೇಲೆ, ಈ ಒಂದು ದಿನದ ತಡೆಯನ್ನು ಹಗುರಾಗಿ ಎಣಿಸಲಾಗದು. ತಡೆದು ಕೇಳುವುದೂ ಹೊಣೆಯೇ, ಕೇಳಿದ ಮೇಲೆ ಬಾಗುವುದೂ ಹೊಣೆಯೇ. ಮೊದಲನೆಯದನ್ನು ಬಿಟ್ಟವನು ಬರಿಯ ಮುದ್ರೆಯಾಗುತ್ತಾನೆ, ಎರಡನೆಯದನ್ನು ಬಿಟ್ಟವನು ಅರಸನಾಗಲು ಹೊರಡುತ್ತಾನೆ.

ಮುಂದೆ 1978ರ 44ನೆಯ ತಿದ್ದುಪಡಿಯು ಈ ನಡೆಗೇ ಕಾಯಿದೆಯ ರೂಪ ಕೊಟ್ಟಿತು. ಸಲಹೆಯನ್ನು ಮರುಪರಿಶೀಲಿಸಿರೆಂದು ರಾಷ್ಟ್ರಪತಿಗಳು ಕೇಳಬಹುದು. ಮರುಪರಿಶೀಲನೆಯ ಬಳಿಕ ಬಂದ ಸಲಹೆಯಂತೆ ನಡೆಯಲೇಬೇಕು. ತುರ್ತು ಪರಿಸ್ಥಿತಿಗೆ ಮಂತ್ರಿಮಂಡಲದ ತೀರ್ಮಾನವು ಲಿಖಿತವಾಗಿ ಬರತಕ್ಕದ್ದೆಂದೂ ಅದೇ ತಿದ್ದುಪಡಿ ವಿಧಿಸಿತು. 1997ರಲ್ಲಿ ಉತ್ತರ ಪ್ರದೇಶದ ಸರ್ಕಾರವನ್ನು ತೆಗೆಯಬೇಕೆಂಬ ಸಲಹೆ ಬಂದಾಗ ರಾಷ್ಟ್ರಪತಿ ಕೆ. ಆರ್. ನಾರಾಯಣನ್ನರು ಅದನ್ನು ಹಿಂದಿರುಗಿಸಿದರು. ಮಂತ್ರಿಮಂಡಲವು ತನ್ನ ವಿಚಾರವನ್ನು ಕೈಬಿಟ್ಟಿತು.

1977ರ ಜುಲೈ 25ರಂದು ಶ್ರೀ ನೀಲಂ ಸಂಜೀವರೆಡ್ಡಿಯವರು ರಾಷ್ಟ್ರಪತಿಗಳಾದರು. ಜತ್ತಿಯವರು ಮತ್ತೆ ಉಪರಾಷ್ಟ್ರಪತಿಗಳಾಗಿ 1979ರ ಆಗಸ್ಟಿನವರೆಗೆ ತಮ್ಮ ಅವಧಿಯನ್ನು ಪೂರೈಸಿದರು. ದೇಶದ ಅತ್ಯುಚ್ಚ ಪೀಠದಿಂದಿಳಿದು ಒಂದು ಮೆಟ್ಟಿಲು ಕೆಳಗೆ ನಿಂತುದು, ದಿವಾನಗಿರಿ ಮುಗಿದು ವಕೀಲಿಗೆ ಮರಳಿದವರಿಗೆ ಹೊಸತೇನೂ ಆಗಿರಲಿಲ್ಲ. ಪದವಿಗಳೆಲ್ಲ ತೀರಿದ ಮೇಲೂ ತೀರದ ಕಾಯಕವೊಂದು ಅವರಿಗಿತ್ತು. 1964ರಲ್ಲಿ ಅವರು ಬೆಂಗಳೂರಿನಲ್ಲಿ ಸ್ಥಾಪಿಸಿದ ಬಸವ ಸಮಿತಿಯ ಮೂಲಕ ವಚನಸಾಹಿತ್ಯವನ್ನು ಪ್ರಕಟಿಸಿ, ಇತರ ಭಾಷೆಗಳ ಓದುಗರಿಗೂ ಮುಟ್ಟಿಸುವ ಕೆಲಸದಲ್ಲಿ ತೊಡಗಿದರು. 2002ರ ಜೂನ್ 7ರಂದು ಬೆಂಗಳೂರಿನಲ್ಲಿ ಲಿಂಗೈಕ್ಯರಾದರು.

ಸದ್ಭಕ್ತರೇ, ರಾಷ್ಟ್ರಪತಿ ಪೀಠವು ದೂರದ ದೆಹಲಿಯಲ್ಲಿದೆ, ನಮಗೇನೆಂದು ಬಗೆಯಬಾರದು. ಸಂಪಿಗೆಯಂತಹ ಊರಿನಲ್ಲಿ ಗ್ರಾಮಪಂಚಾಯಿತಿಗೆ ಅಧ್ಯಕ್ಷರಿದ್ದಾರೆ, ಸಹಕಾರ ಸಂಘಕ್ಕೆ ಇದ್ದಾರೆ, ಶಾಲೆಯ ಸಮಿತಿಗೂ ಇದ್ದಾರೆ. ನೂರಾರು ರೈತರ ಕೊಬ್ಬರಿಯ ಹಣವೋ, ಮಕ್ಕಳ ಬಿಸಿಯೂಟದ ಲೆಕ್ಕವೋ ಅವರ ಒಂದು ಸಹಿಯಲ್ಲಿ ಅಡಗಿರುತ್ತದೆ. ಬಿಜ್ಜಳನ ಭಂಡಾರದ ಹೊಣೆ ಹೊತ್ತಿದ್ದ ಬಸವಣ್ಣನವರು ಆ ಭಂಡಾರವನ್ನು ತಮ್ಮದೆಂದು ಬಗೆಯಲಿಲ್ಲ. ಮುಂದಿಟ್ಟ ಕಾಗದವನ್ನು ಓದಿ, ಸಂಶಯವಿದ್ದರೆ ನಿರ್ಭಯವಾಗಿ ಕೇಳಿ, ಸಭೆಯ ನಿರ್ಧಾರಕ್ಕೆ ಬಾಗಿ, ಅವಧಿ ಮುಗಿದಾಗ ಹಗುರಾದ ಮನಸ್ಸಿನಿಂದ ಎದ್ದುಬರುವ ಗುಣವು ಊರಿನ ಅಧ್ಯಕ್ಷರಲ್ಲಿ ಬೆಳೆಯಬೇಕು. ಊರಿನಲ್ಲಿ ಬೆಳೆಯದ ಗುಣವು ದೆಹಲಿಯಲ್ಲಿ ಫಲಿಸೀತೆಂದು ನಿರೀಕ್ಷಿಸುವುದು ವ್ಯರ್ಥ. ಜಮಖಂಡಿಯ ಪುರಸಭೆಯಲ್ಲಿ ಮೊದಲಾಗಿ ರಾಷ್ಟ್ರಪತಿ ಪೀಠವನ್ನು ಮುಟ್ಟಿದ ಈ ಜೀವನವು ನಮಗೆ ತಿಳಿಸುವುದೂ ಅದನ್ನೇ.